ಶುಕ್ರವಾರದ ಚಲನ್

ಗೌರಾಬಾಯಿ ಬೀಗ ಮುಟ್ಟಲಿಲ್ಲ. ತಂತಿ ಬೇಲಿಯ ಸಂದಿಯೊಳಗೆ ಮೊಣಕೈತನಕ ತೋಳು ತೂರಿಸಿ, ಕೈಗೆಟುಕಿದ ಒಂದು ದ್ರಾಕ್ಷಿ ಬಳ್ಳಿಯ ತುದಿಯನ್ನು ಹಿಡಿದುಕೊಂಡು ನಿಂತಳು.

“ಇದು ಮೊದಲನೇ ಸಾಲಿನ ಏಳನೇ ಗಿಡ, ಕಸ್ತೂರವ್ವಾ. ಇದನ್ನ ನಮ್ಮವರು ಹಚ್ಚಿದ್ರು. ಅದರ ಬಾಜೂಕ ಇರೂದು ನಾ ಹಚ್ಚಿದ್ದು. ಯಾರ ಗಿಡ ಮೊದಲ ಹಂದರಾ ಏರತೈತಿ ನೋಡೂಣು ಅಂತ ಪಂದ್ಯಾ ಕಟ್ಟಿದ್ವಿ.”

“ಯಾರದು ಏರ್ತು ಅಕ್ಕಾರ?”

“ನಂದ. ಅವರು ನನ್ನ ಕಣ್ಣ ತಪ್ಪಿಸಿ ನನ್ನ ಗಿಡಕ್ಕ ಎರಡ ಕೊಡಾ ನೀರ ಹೆಚ್ಚಿಗಿ ಹಾಕತಿದ್ರಂತ. ಸಾಯೂ ಮುಂದ ಹೇಳಿದ್ರು.”

ಸುತ್ತಲಿನ ತೋಟಗಳಲ್ಲೆಲ್ಲ ಬಳ್ಳಿ ಸವರುವ ಚಾಟ್ನಿ ಮುಗಿದು, ಕತ್ತರಿ ಬಿದ್ದ ಬಳ್ಳಿಗಳು ಬೋಳಾಗಿ ಹೊಸ ಚಿಗುರಿಗೆ ಕಾಯುತ್ತಿದ್ದವು. ಇದೊಂದು ತೋಟ ಮಾತ್ರ ತಲೆ ಬಾಚದ ಹುಡುಗಿಯ ಹಾಗೆ ಕೆದರಿಕೊಂಡು ನಿಂತಿತ್ತು. ಇನ್ನೊಂದು ವಾರದಲ್ಲಿ ಇದಕ್ಕೂ ಕತ್ತರಿ ಬೀಳದಿದ್ದರೆ ಈ ವರ್ಷ ಒಂದು ಗೊನೆಯೂ ಬರುವುದಿಲ್ಲ.

ತಿಕೋಟಾದಿಂದ ಕನಮಡಿಗೆ ಹೋಗುವ ರಸ್ತೆಗೆ ಹತ್ತಿದ ಈ ನಾಲ್ಕು ಎಕರೆಯನ್ನು ಗಂಡ ಹೆಂಡತಿ ಹದಿನೈದು ವರ್ಷ ಪಾಲಿಗೆ ಮಾಡಿದ್ದರು. ಮಾಲೀಕ ಶಿವಯೋಗೆಪ್ಪ, ವಿಜಯಪುರದ ಸ್ಟೇಷನ್ ರಸ್ತೆಯ ದೊಡ್ಡ ವ್ಯಾಪಾರಿ. ಮಾರುತ್ತೇನೆಂದು ಕರಾರು ಬರೆದುಕೊಟ್ಟು, ಮುಂಗಡ ತೆಗೆದುಕೊಂಡು, ಕಾಲುವೆ ನೀರು ಬಂದು ಬೆಲೆ ಏರಿದ್ದೇ ತಡ ಮಾತು ನುಂಗಿ ಬೀಗ ಜಡಿದ. ಗೌರಾಬಾಯಿ ಕೋರ್ಟಿಗೆ ಹೋದಳು, ಗೆದ್ದಳು ಕೂಡ. ಆದರೆ ತೀರ್ಪಿನಲ್ಲಿ ಒಂದು ಷರತ್ತಿತ್ತು. ಉಳಿದ ಹದಿನೆಂಟು ಲಕ್ಷವನ್ನು ಎರಡು ತಿಂಗಳೊಳಗೆ ಕೋರ್ಟಿನಲ್ಲಿ ಠೇವಣಿ ಇಡಬೇಕು. ಇಟ್ಟರೆ ತೋಟ ಅವಳದು. ತಪ್ಪಿದರೆ ಕರಾರೇ ರದ್ದಾಗಬಹುದು, ಗೆದ್ದದ್ದೂ ಸೋತ ಲೆಕ್ಕ.

ಕಡೆಯ ದಿನ ಹೋದ ತಿಂಗಳ ಒಂದು ಶುಕ್ರವಾರವಾಗಿತ್ತು. ಶುಕ್ರವಾರದ ತಾರೀಖಿನ ಚಲನ್ ಸೋಮವಾರ ಕೋರ್ಟಿಗೇನೋ ಸೇರಿತು. ಆದರೆ ಬ್ಯಾಂಕಿನವರು, ಈ ಚಲನ್ ನಮ್ಮದಲ್ಲ, ಹಣವೂ ಬಂದಿಲ್ಲ ಎಂದು ಬರೆದು ಕೈ ತೊಳೆದುಕೊಂಡರು. ಚಲನ್ ತಂದ ವಕೀಲರ ಗುಮಾಸ್ತ ಸತೀಶಕುಮಾರ ಅಂದಿನಿಂದ ನಾಪತ್ತೆ.

ನಾಳೆ ಬುಧವಾರ ಹನ್ನೊಂದು ಗಂಟೆಗೆ ಗೌರಾಬಾಯಿ ಪ್ರಮಾಣ ಮಾಡಿ ಹೇಳಲಿದ್ದಳು: ಶುಕ್ರವಾರ ನಾನು ಹಣ ಕೊಟ್ಟೆ, ಗುಮಾಸ್ತ ತಿಂದುಹಾಕಿದ.

ಕಸ್ತೂರಿಯ ಕೆಲಸ ಆ ಮಾತಿಗೆ ಸಾಕ್ಷಿ ಹುಡುಕುವುದು. ಹನ್ನೆರಡು ವರ್ಷ ಅವಳು ಅದೇ ಕೋರ್ಟಿನ ನಾಜರ್ ಶಾಖೆಯಲ್ಲಿ, ಠೇವಣಿಯ ಚಲನ್‌ಗಳು ಬರುವ ಕಿಟಕಿಯ ಹಿಂದೆ ಕೂತವಳು. ನೌಕರಿ ಬಿಟ್ಟ ಮೇಲೆ ವಕೀಲರಿಗೆ ಪತ್ತೆ ಕೆಲಸ ಮಾಡಿಕೊಡುತ್ತಾಳೆ. ಇಂಥ ಕಾಗದಗಳ ಹುಟ್ಟು ಸಾವು ಅವಳಿಗೆ ಬಾಯಿಪಾಠ.

ಇಬ್ಬರೂ ಊರೊಳಗಿನ ಮನೆಗೆ ಬಂದರು. ಗೌರಾಬಾಯಿ ಚಹಾಕ್ಕೆ ಇಟ್ಟಳು. ಅಷ್ಟರಲ್ಲಿ ಕೂಲಿಯ ಮುದುಕವ್ವ ಬಾಗಿಲಿಗೆ ಬಂದು ಸೆರಗು ಸಿಕ್ಕಿಸಿಕೊಂಡು ನಿಂತಳು.

“ಯವ್ವಾ, ನಿನ್ನೆ ಕಸಾ ತಗದ ಕೂಲಿ ಕೊಡ್ತಿಯೇನ?”

“ನಾಳೆ ಬಾ ಬೇ. ಇವತ್ತ ಯಾವ ವಾರ ಗೊತ್ತಿಲ್ಲೇನ ನಿನಗ?”

ಮುದುಕವ್ವ ಹಲ್ಲಿಲ್ಲದ ಬಾಯಿ ತೆರೆದು ನಕ್ಕಳು. “ಮಂಗಳವಾರ! ಮರತ ಬಿಟ್ಟಿದ್ದೆ ನೋಡು. ನಿಮ್ಮ ಮನಿ ಲಕ್ಷ್ಮಿ ಮಂಗಳವಾರ ಶುಕ್ರವಾರ ಹೊಚ್ಚಲಾ ದಾಟಂಗಿಲ್ಲ. ಇಪ್ಪತ್ತ ವರ್ಷ ಆತು, ಒಂದ ವಾರಾನೂ ತಪ್ಪಿಲ್ಲ. ಬರ್ತೇನಿ ತಗೋ ನಾಳೆ.”

ಅವಳು ಹೋದಳು. ಕಸ್ತೂರಿ ಬಸಿಯಲ್ಲಿದ್ದ ಚಹಾವನ್ನು ಕುಡಿಯದೆ ಕೆಳಗಿಟ್ಟಳು.

“ಅಕ್ಕಾರ, ಆ ಶುಕ್ರವಾರ ನೀವು ರೊಕ್ಕ ಕೊಟ್ಟಿದ್ದು ಖರೇನ?”

ಗೌರಾಬಾಯಿ ಒಲೆಯ ಕಡೆ ಮುಖ ಮಾಡಿ ಕೂತಳು. ಬೆಂಕಿ ಆರಿಸಿದ್ದರೂ ಏನೋ ಕೆಲಸವಿದ್ದವಳ ಹಾಗೆ ಪಾತ್ರೆ ಸರಿಸಿದಳು.

“ಕೂಲಿ ಮುನ್ನೂರ ರೂಪಾಯಿ ಮಂಗಳವಾರ ಹೊರಗ ಹೋಗಂಗಿಲ್ಲ ಅಂದ್ರ, ಹದಿನೆಂಟ ಲಕ್ಷ ಶುಕ್ರವಾರ ಹೆಂಗ ಹೋತ್ರಿ?”

ಗೌರಾಬಾಯಿ ಪಾತ್ರೆ ಬಿಟ್ಟು ಇತ್ತ ತಿರುಗಿದಳು.

“ಸತೀಶಪ್ಪ ಶುಕ್ರವಾರ ಮುಂಜಾನೆ ಬಂದಿದ್ದ. ಇವತ್ತ ಕಡೀ ದಿನಾ ಐತ್ರಿ ಅಂತ ಕೈ ಮುಗದ. ನಾನ ಕೊಡಲಿಲ್ಲ. ನಾಳೆ ಹೊತ್ತ ಹೊಂಡೂದ್ರಾಗ ತಗೊಂಡ ಹೋಗು ಅಂದೆ. ಒಂದ ದಿನಕ್ಕ ಏನ ಆಗತೈತಿ ಅಂತ ತಿಳಕೊಂಡೆ ಯವ್ವಾ. ಶುಕ್ರವಾರ ಲಕ್ಷ್ಮೀನ ಹೊರಗ ಹಾಕಿ ತಗೊಂಡ ತ್ವಾಟ ನನ್ನ ಕೈಯಾಗ ಉಳಿಯಂಗಿಲ್ಲ ಅನಸ್ತು. ಅದು ನನಗ ಎಷ್ಟ ಬೇಕಾಗಿತ್ತು ಅಂದ್ರ... ಸಣ್ಣ ಅಪಶಕುನಾನೂ ಬ್ಯಾಡಾಗಿತ್ತು.”

“ಶನಿವಾರ ಕೊಟ್ರಿ.”

“ಶನಿವಾರ ಕೊಟ್ಟೆ. ಆಮ್ಯಾಲ ಅವನ ಹೇಳಿದ, ಯಾರರೆ ಕೇಳಿದ್ರ ಶುಕ್ರವಾರ ಅನ್ರಿ ಅಂತ.”

ಕಸ್ತೂರಿಗೆ ಸಿಟ್ಟೂ ಬಂತು, ಅಳುವೂ ಬಂತು. ಆ ಶನಿವಾರ ಎರಡನೇ ಶನಿವಾರ, ಕೋರ್ಟಿಗೆ ರಜೆ. ಸೋಮವಾರ ಬೆಳಿಗ್ಗೆ ಹೋಗಿ, ತಡವಾಯಿತು, ತಪ್ಪಾಯಿತು, ಹಣ ಇಲ್ಲಿದೆ, ಅವಧಿ ಕೊಡಿ ಎಂದು ಅರ್ಜಿ ಹಾಕಿದ್ದರೆ ನ್ಯಾಯಾಧೀಶರು ಬಹುಶಃ ಕೊಡುತ್ತಿದ್ದರು. ಕೈ ಮುಗಿದು ಕೇಳಿದವರಿಗೆ ದಿನ ಕೊಟ್ಟದ್ದನ್ನು ಅವಳು ಕಿಟಕಿಯ ಹಿಂದೆ ಕೂತು ಎಷ್ಟೋ ಸಲ ನೋಡಿದ್ದಳು. ಸುಳ್ಳು ಚಲನ್ ತಂದವರಿಗೆ ಕೊಟ್ಟದ್ದನ್ನು ಒಮ್ಮೆಯೂ ನೋಡಿರಲಿಲ್ಲ.

“ನಾಳೆ ಶುಕ್ರವಾರ ಅಂತ ಹೇಳಬ್ಯಾಡ್ರಿ ಅಕ್ಕಾರ. ಖರೇ ಹೇಳ್ರಿ.”

“ಖರೇ ಹೇಳಿದ್ರ ತ್ವಾಟ ಸಿಗತೈತೇನ?”

ಕಸ್ತೂರಿ ಎದ್ದಳು. ಚಪ್ಪಲಿ ಮೆಟ್ಟಿ ಬಸ್ಸಿಗೆ ನಡೆದಳು.

ಬಸ್ಸಿನ ತುಂಬ ಅವಳು ಸತೀಶಕುಮಾರನನ್ನೇ ನೆನೆದಳು. ಪತ್ತೆ ಕೆಲಸಕ್ಕಾಗಿ ನೆನೆದೆ ಎಂದು ಅವಳು ಹೇಳಿದರೆ ನೀವು ನಂಬಬೇಡಿ. ಅವನು ಕಿಟಕಿಗೆ ಚಲನ್ ತರುತ್ತಿದ್ದ ಕಾಲದಲ್ಲಿ, ಒಂದೇ ಸಲಕ್ಕೆ ತರಬಹುದಾದ ಮೂರು ಚಲನ್‌ಗಳನ್ನು ಮೂರು ಸಲ ತರುತ್ತಿದ್ದ. ಅವಳೂ ಒಂದೇ ನೋಟಕ್ಕೆ ಮುಗಿಯುವ ಕೆಲಸವನ್ನು ಕನ್ನಡಕ ಒರೆಸಿ ಒರೆಸಿ ಮಾಡುತ್ತಿದ್ದಳು. ಅವನ ತಾಯಿ, ಕುರಿಗಾರರ ಮನೆಯ ಹುಡುಗಿಯಾದರೂ ಸರಿ, ಮಗ ಸುಖವಾಗಿದ್ದರೆ ಸಾಕು ಎಂದು ಒಪ್ಪಿದ್ದಳು. ಒಪ್ಪದವನು ಕಸ್ತೂರಿಯ ಅಣ್ಣ ಶಿವಾಜಿ. ಅಪ್ಪ ಇಲ್ಲದ ಮನೆಯಲ್ಲಿ ಅಣ್ಣನ ಮಾತೇ ಕೊನೆ. ಹನ್ನೊಂದು ವರ್ಷವಾಯಿತು. ಅವಳೂ ಮದುವೆಯಾಗಲಿಲ್ಲ, ಅವನೂ ಆಗಲಿಲ್ಲ. ಎದುರು ಸಿಕ್ಕರೆ “ಆರಾಮರಿ?” ಎನ್ನುವಷ್ಟು ಮಾತು ಉಳಿದಿತ್ತು. ಆ ಒಂದು ಮಾತಿಗೆ ಅವಳು ಕೋರ್ಟಿನ ಎರಡು ಗೇಟುಗಳಲ್ಲಿ ಅವನು ಓಡಾಡುವ ದೂರದ ಗೇಟನ್ನೇ ಆರಿಸಿಕೊಳ್ಳುತ್ತಿದ್ದಳು.

ಅವನು ಎಲ್ಲಿ ಅಡಗಿದ್ದಾನೆಂದು ಅವಳಿಗೆ ಮೊದಲ ದಿನವೇ ಗೊತ್ತಿತ್ತು. ಮನಸ್ಸು ಕೆಟ್ಟಾಗ ಬಬಲೇಶ್ವರದ ಮಾವನ ಒಣದ್ರಾಕ್ಷಿ ಶೆಡ್ಡಿಗೆ ಹೋಗಿ ಕೂರುತ್ತೇನೆಂದು ಅವನೇ ಒಮ್ಮೆ ಹೇಳಿದ್ದ. ಆದರೂ ಅವಳು ಹೋಗಲಿಲ್ಲ. ಹೋಗಿ, ಅವನು ಕಳ್ಳನೇ ಎಂದು ಕಣ್ಣಾರೆ ಕಂಡುಬಿಟ್ಟರೆ ಏನು ಮಾಡುವುದು ಎಂಬ ಹೆದರಿಕೆ.

ವಿಜಯಪುರದಲ್ಲಿ ಇಳಿದವಳೇ ಕೋರ್ಟಿಗೆ ಬಂದಳು. ಅರ್ಜಿ ತೆಗೆದುಕೊಳ್ಳುವ ಕೌಂಟರಿನಲ್ಲಿ ಹಳೆಯ ಸಹೋದ್ಯೋಗಿ ಆಸಿಫ ಇದ್ದ.

“ಮೇಡಂ, ಮತ್ತ ಆ ತಿಕೋಟಾ ಕೇಸೇನ್ರಿ? ಫೈಲ್ ಎಷ್ಟ ಸಲ ನೋಡ್ತೀರಿ?”

“ಫೈಲ್ ಬ್ಯಾಡೋ ಆಸಿಫ. ಆ ಸೋಮವಾರದ್ದು ಆವಕ ರಜಿಸ್ಟರ್ ತೋರಸು.”

ಬಂದ ಕಾಗದಗಳನ್ನು ಬಂದ ಹೊತ್ತಿನ ಸರದಿಯಲ್ಲಿ ನಂಬರು ಹಾಕಿ ಬರೆಯುವ ಪುಸ್ತಕ ಅದು. ಯಾರೂ ತಿರುಗಿ ನೋಡದ ಪುಸ್ತಕ. ಕಸ್ತೂರಿ ಬೆರಳಿಟ್ಟು ಇಳಿದಳು. ಗೌರಾಬಾಯಿಯ ಚಲನ್ ಕೋರ್ಟಿಗೆ ಹಾಜರಾದದ್ದು ಅರವತ್ತೇಳನೇ ನಂಬರು, ಮಧ್ಯಾಹ್ನ ಮೂರರ ಸುಮಾರು. ಶಿವಯೋಗೆಪ್ಪನ ಕಡೆಯ ತಕರಾರು ಅರ್ಜಿ ನಲವತ್ತೊಂದು, ಬೆಳಿಗ್ಗೆ ಹನ್ನೊಂದು.

ಆ ತಕರಾರಿನಲ್ಲಿ ಏನು ಬರೆದಿತ್ತೆಂದು ಅವಳಿಗೆ ಕಂಠಪಾಠವಿತ್ತು. ‘ಈ ನಂಬರಿನ ಚಲನ್ ಸುಳ್ಳೆಂದು ಅನುಮಾನವಿದೆ, ಬ್ಯಾಂಕಿನಿಂದ ವಿಚಾರಿಸಬೇಕು.’

ಚಲನ್ ಇನ್ನೂ ಯಾರ ಕಣ್ಣಿಗೂ ಬಿದ್ದಿರಲಿಲ್ಲ. ಅದರ ನಂಬರು ನಾಲ್ಕು ತಾಸು ಮೊದಲೇ ಶಿವಯೋಗೆಪ್ಪನಿಗೆ ಗೊತ್ತಿತ್ತು.

ಅಂದರೆ ಇದು ಬರೀ ಕಳವಲ್ಲ. ಒಂದು ದಿನದ ತಡವನ್ನು ಕೋರ್ಟು ಮನ್ನಿಸಬಹುದು, ಸುಳ್ಳು ಚಲನ್ನನ್ನು ಮನ್ನಿಸುವುದಿಲ್ಲ ಎಂದು ಚೆನ್ನಾಗಿ ಬಲ್ಲವರು ಯಾರೋ ಆ ಸುಳ್ಳನ್ನು ತಾವೇ ಮಾಡಿ, ಗೌರಾಬಾಯಿಯ ಕಡೆಯವರ ಕೈಗಿಟ್ಟಿದ್ದರು.

ಹೊರಗೆ ಶಿವಾಜಿ ಸಿಕ್ಕ. ಕೋರ್ಟಿನ ಎದುರಿಗೇ ಅವನ ಬಾಂಡ್ ಬರೆಯುವ ಅಂಗಡಿ. ತಂಗಿಯ ಮುಖ ನೋಡಿದವನೇ ಸ್ಟೂಲು ಎಳೆದು ಕೂರಿಸಿ ಚಹಾ ತರಿಸಿದ.

“ಮುಂಜಾನೆ ಏನೂ ತಿಂದಿಲ್ಲ ಅಂತ ಅವ್ವ ಫೋನ್ ಮಾಡಿದ್ಲು. ಬಿಸ್ಕೀಟ್ ತಿನ್ನು. ಎಲ್ಲಿ ತನಕಾ ಬಂತು ನಿನ್ನ ಪತ್ತೆ?”

“ಹತ್ತರ ಬಂದೇನಿ ಅಣ್ಣಾ. ಈಗ ಬಬಲೇಶ್ವರಕ್ಕ ಹೊಂಟೇನಿ.”

“ಬಬಲೇಶ್ವರದಾಗ ಯಾರ ಅದಾರ?”

“ಬಂದ ಮ್ಯಾಲ ಹೇಳ್ತೇನಿ.”

“ಜಲ್ದಿ ಬಾ ಮತ್ತ. ಊಟಕ್ಕ ಕಾಯ್ತೇವಿ,” ಎಂದ ಶಿವಾಜಿ. ಅವಳು ಬೇಡ ಬೇಡವೆಂದರೂ ಬಸ್ಸಿಗೆ ಚಿಲ್ಲರೆ ಕೈಗೆ ತುರುಕಿದ.

ಬಬಲೇಶ್ವರದ ಆ ಶೆಡ್ಡು ಊರಾಚೆ ಇತ್ತು. ದ್ರಾಕ್ಷಿ ಒಣಗಿಸುವ ಕಾಲ ಅಲ್ಲವಾದ್ದರಿಂದ ಒಂದರ ಮೇಲೊಂದು ಕಟ್ಟಿದ ಜಾಳಿಗೆಗಳು ಖಾಲಿ ಬಿದ್ದಿದ್ದವು. ಹೊತ್ತು ಇಳಿದು ಜಾಳಿಗೆಯ ನೆರಳು ನೆಲದ ತುಂಬ ಹಾಸಿತ್ತು. ಸತೀಶಕುಮಾರ ಒಂದು ಕ್ರೇಟಿನ ಮೇಲೆ ಕೂತಿದ್ದ. ಗಡ್ಡ ಬಿಟ್ಟಿದ್ದ, ಅರ್ಧಕ್ಕರ್ಧ ಬೆಳ್ಳಗಾಗಿತ್ತು.

ಅವಳನ್ನು ಕಂಡು ಎದ್ದು ನಿಂತ. ಓಡಲಿಲ್ಲ.

“ನೀ ಬರತಿ ಅಂತ ಗೊತ್ತಿತ್ತು. ಇಷ್ಟ ತಡಾ ಮಾಡತಿ ಅಂತ ಗೊತ್ತಿರಲಿಲ್ಲ,” ಎಂದ.

ಹನ್ನೊಂದು ವರ್ಷದಲ್ಲಿ ಅವನು ಅವಳಿಗೆ ಹೇಳಿದ ಅತಿ ಉದ್ದದ ಮಾತು ಅದು. ಕಸ್ತೂರಿ ಸೆರಗನ್ನು ಬಿಗಿಯಾಗಿ ಸುತ್ತಿಕೊಂಡಳು. ಅವನ ಕೈ ಹಿಡಿಯಬೇಕೆನಿಸಿತು. ಕೆನ್ನೆಗೆ ಒಂದು ಬಾರಿಸಬೇಕೆಂದೂ ಅನಿಸಿತು.

“ರೊಕ್ಕ ಎಲ್ಲೈತ್ರಿ?”

ಅವನು ಒಳಗೆ ಹೋಗಿ ಒಂದು ತಗಡಿನ ಪೆಟ್ಟಿಗೆ ತಂದ. ಗೌರಾಬಾಯಿಯ ಹಳೆಯ ಇಳಕಲ್ ಸೀರೆಯ ತುಂಡಿನಲ್ಲಿ ಕಟ್ಟಿದ ಗಂಟು, ಕಟ್ಟಿದ ಹಾಗೆಯೇ ಇತ್ತು.

“ಬಿಚ್ಚಿ ಸೈತ ನೋಡಿಲ್ಲ. ಆಕಿ ಕುಂಕುಮಾ ಹಚ್ಚಿ ಕೊಟ್ಟಿದ್ಲು.”

ಕಸ್ತೂರಿಯ ಎದೆಯ ಮೇಲಿನ ಒಂದು ಕಲ್ಲು ಇಳಿಯಿತು. ಇವನು ಕಳ್ಳನಲ್ಲ. ಆ ನಿರಾಳಕ್ಕೆ ಕಣ್ಣು ತುಂಬಿದ್ದನ್ನು ಮುಚ್ಚಿಡಲು ಅವಳು ದನಿ ಗಡುಸು ಮಾಡಿಕೊಂಡಳು.

“ಮತ್ತ ಸುಳ್ಳ ಚಲನ್ ಯಾಕ ಮಾಡಿದ್ರಿ? ಸೋಮವಾರ ಅರ್ಜಿ ಹಾಕಿದ್ರ ಆಗತಿತ್ತಲ್ಲ! ಇಷ್ಟ ವರ್ಷ ಗುಮಾಸ್ತಕಿ ಮಾಡಿ ಅಷ್ಟ ಗೊತ್ತಿಲ್ಲ ನಿಮಗ?”

“ಅರ್ಜಿ ಹಾಕಬೇಕಂತನ ಇದ್ದೆ. ಶನಿವಾರ ಒಬ್ಬಾವ ಬಂದ. ಅರ್ಜಿ ಗಿರ್ಜಿ ಹಾಕಿದ್ರ ಎದುರಿನವರು ತಕರಾರ ತಗೀತಾರ, ವಕೀಲರು ನಿನ್ನ ಕೆಲಸದಿಂದ ತಗೀತಾರ ಅಂದ. ಬ್ಯಾಂಕಿನಾಗ ನನ್ನ ಮನುಷ್ಯಾ ಅದಾನ, ಶುಕ್ರವಾರದ ತಾರೀಖ ಹಾಕಿ ಚಲನ್ ಮಾಡಿಸಿ ಕೊಡ್ತೇನಿ, ಸೋಮವಾರ ಸಂಜಿಕೆ ಬಂದು ರೊಕ್ಕ ಒಯ್ದು ತುಂಬತಾನ ಅಂದ. ನಾ ಕಾದೆ. ಯಾರೂ ಬರಲಿಲ್ಲ.”

“ಯಾರೋ ಒಬ್ಬಾವ ಅಂದಾ, ನೀವು ನಂಬಿದ್ರಿ.”

“ನಂಬಿದೆ.”

“ಸತೀಶಕುಮಾರ್ರ, ಒಂದ ಮಾತ ಕೇಳ್ತೇನಿ, ವಿಚಾರ ಮಾಡಿ ಹೇಳ್ರಿ. ಸೋಮವಾರ ಮುಂಜಾನೆ ಹನ್ನೊಂದ ಗಂಟೆಕ್ಕ ಆ ಚಲನ್ ನಂಬರ್ ಯಾರ್ಯಾರಿಗೆ ಗೊತ್ತಿತ್ತು?”

“ನನಗ. ಆಮ್ಯಾಲ ಅದನ್ನ ಮಾಡಿಸಿ ಕೊಟ್ಟಾವಗ. ಇನ್ಯಾರಿಗೂ ಇಲ್ಲ.”

“ಹನ್ನೊಂದಕ್ಕ ಶಿವಯೋಗೆಪ್ಪನ ಅರ್ಜಿ ಬಂದೈತಿ. ಅದರಾಗ ಆ ನಂಬರ್ ಐತಿ.”

ಅವನು ಕ್ರೇಟಿನ ಮೇಲೆ ಕುಸಿದ. ಆ ಮಾತು ಅವನಿಗೆ ಹೊಸದು ಎಂಬುದು ಮುಖದಲ್ಲೇ ಕಾಣುತ್ತಿತ್ತು. ಹತ್ತಿರದಲ್ಲೆಲ್ಲೋ ಪಂಪ್‌ಸೆಟ್ಟು ಓಡುತ್ತಿತ್ತು.

“ಹೆಸರ ಹೇಳ್ರಿ.”

“ಬ್ಯಾಡ ಕಸ್ತೂರಿ. ನಾಳೆ ಆಕಿ ನನ್ನ ಹೆಸರ ಹೇಳಲಿ. ನಾ ಕದ್ದೇನಿ ಅಂತ ಒಪ್ಪಕೋತೇನಿ. ಮೋಸ ಹೋದಾಕಿಗೆ ಕೋರ್ಟ್ ದಿನಾ ಕೊಡತೈತಿ. ತ್ವಾಟ ಉಳಿತೈತಿ.”

“ಮತ್ತ ನೀವು?”

“ಅವ್ವನ ಬಿಟ್ರ ನನ್ನ ಹಿಂದ ಯಾರದಾರ ಅಳಾಕ.”

ಕಸ್ತೂರಿ ಅವನೆದುರು ಬಂದು ನಿಂತಳು. “ನಾ ಇದ್ದೇನಿ,” ಎಂದಳು. ಹನ್ನೊಂದು ವರ್ಷ ಗಂಟಲಲ್ಲೇ ಇಟ್ಟುಕೊಂಡದ್ದು ಇಷ್ಟು ಸುಲಭವಾಗಿ ಹೊರಬಂದದ್ದಕ್ಕೆ ಅವಳಿಗೇ ನಾಚಿಕೆಯಾಯಿತು. “ಹೆಸರ ಹೇಳ್ರಿ. ಹೇಳದ ನಾ ಇಲ್ಲಿಂದ ಹೋಗಂಗಿಲ್ಲ.”

ಅವನು ನೆಲ ನೋಡುತ್ತ ಮಾತಾಡಿದ.

“ನಾ ಮೂರ್ಖ ಅಲ್ಲ. ಬ್ಯಾರೆ ಯಾರರೆ ಹೇಳಿದ್ರ ನಂಬತಿರಲಿಲ್ಲ. ಆದ್ರ ಆ ಮನುಷ್ಯಾ ನನ್ನ ಹೆಗಲ ಮ್ಯಾಲ ಕೈ ಇಟ್ಟ. ಹಿಂದಿಂದೆಲ್ಲಾ ಮರತ ಬಿಡು ಸತೀಶಾ, ಮನಿಗೆ ಊಟಕ್ಕ ಬಾ, ಕಸ್ತೂರಿ ಇನ್ನೂ ಹಂಗ ಅದಾಳ ಅಂದ. ಹನ್ನೊಂದ ವರ್ಷ ನಾ ಆ ಮಾತಿನ ಹಾದಿ ಕಾದೇನಿ. ಚಲನ್ ಅಲ್ಲ, ವಿಷಾ ಕೊಟ್ಟಿದ್ರೂ ತಗೋತಿದ್ದೆ.”

ಕಸ್ತೂರಿ ಬಾಗಿ ಅವನ ಮುಖ ನೋಡಿದಳು.

“ಶಿವಾಜಿ ಅಣ್ಣಾ?”

ಅವನು ಫೋನು ತೆಗೆದು ಅವಳ ಮುಂದೆ ಹಿಡಿದ. ಭಾನುವಾರ ಸಂಜೆ ಬಂದ ಫೋಟೊ. ಬ್ಯಾಂಕಿನ ಶಿಕ್ಕಾ ಬಿದ್ದ ಚಲನ್, ಅದೇ ನಂಬರು. ಕೆಳಗೆ ಎರಡೇ ಪದ: ‘ಕೆಲಸ ಆತು.’ ಮೇಲೆ ಅಣ್ಣನ ಹೆಸರು, ಅಣ್ಣನ ನಗುಮುಖ. ಸೋದರತ್ತೆಯ ಮಗಳ ಮದುವೆಯಲ್ಲಿ ಆ ಚಿತ್ರ ತೆಗೆದವಳು ಕಸ್ತೂರಿಯೇ.

ಅವಳು ಫೋನನ್ನು ತನ್ನ ಚೀಲಕ್ಕೆ ಹಾಕಿಕೊಂಡಳು. ಅವನು ತಡೆಯಲಿಲ್ಲ.

“ನಾಳೆ ರೊಕ್ಕ ತಗೊಂಡ ಕೋರ್ಟಿಗೆ ಬರ್ರಿ. ಖರೇ ಏನೈತಿ ಅಷ್ಟ ಹೇಳೂಣು. ಸುಳ್ಳ ಚಲನ್ನಿಗೆ ನಿಮಗ ಶಿಕ್ಷೆ ಆದ್ರೂ ಆಗಬಹುದು. ಕಳ್ಳ ಅನ್ನೂ ಹೆಸರ ಬರಂಗಿಲ್ಲ. ಆಕಿಗೆ ಯಾರ ಮೋಸಾ ಮಾಡ್ಯಾರ ಅಂತ ಸಾಹೇಬ್ರಿಗೂ ತಿಳಿತೈತಿ.”

“ಒಬ್ಬಾವನ ಬಂದ್ರ ಗೇಟಿನಾಗ ಪೊಲೀಸ್ರು ಹಿಡೀತಾರ. ನನ್ನ ಮಾತ ಕೇಳಾವ್ರು ಯಾರು?”

“ದೂರದ ಗೇಟಿನ ಹತ್ತರ ನಾ ಇರ್ತೇನಿ. ಹತ್ತೂವರಿಗೆ.”

“ನೀ ಇದ್ರ ಬರ್ತೇನಿ,” ಎಂದ ಸತೀಶಕುಮಾರ. “ನೀ ಕಾಣದಿದ್ರ ತಿರುಗಿ ಹೋಗ್ತೇನಿ. ಮತ್ತ ಸಿಗಂಗಿಲ್ಲ.”

ಎಂಟು ಗಂಟೆಗೆ ಅವಳು ಮನೆ ಮುಟ್ಟಿದಾಗ ಶಿವಾಜಿ ಊಟ ಮಾಡದೆ ಕಾಯುತ್ತಿದ್ದ. ತಾಯಿ ಬೋರವ್ವ ಬಿಸಿ ರೊಟ್ಟಿ ಬಡಿಯುತ್ತಿದ್ದಳು. ಶಿವಾಜಿ ತಾನೇ ಎದ್ದು ತಂಗಿಯ ತಾಟಿಗೆ ಎಣಗಾಯಿ ಬಡಿಸಿದ, ಶೇಂಗಾ ಚಟ್ನಿ ಹಾಕಿದ, ಮೊಸರು ಮುಂದಕ್ಕೆ ಸರಿಸಿದ.

“ಸತೀಶ ಆರಾಮ ಅದಾನ?”

ಕಸ್ತೂರಿ ರೊಟ್ಟಿ ಮುರಿಯುತ್ತಿದ್ದ ಕೈ ನಿಲ್ಲಿಸಿದಳು.

“ಬಬಲೇಶ್ವರ ಅಂದಕೂಡಲೇ ತಿಳೀತು. ಅವನ ಮಾವನ ಶೆಡ್ ಅಲ್ಲೇ ಐತಲ್ಲ,” ಎಂದ ಶಿವಾಜಿ, ಬಹಳ ಮೆತ್ತಗೆ. “ನೋಡ ತಂಗಿ, ಆಗ ನಾ ಸಣ್ಣಾವಿದ್ದೆ, ಜಾತಿ ಮಂದಿ ಏನಂತಾರೋ ಅಂತ ಅಂಜಿದೆ. ನಿನ್ನ ಬಾಳೇ ಹಾಳ ಮಾಡಿದೆ. ಅದನ್ನ ನೆನಸಿ ಎಷ್ಟ ದಿನಾ ನಿದ್ದಿ ಬಂದಿಲ್ಲ ನನಗ. ನಾಳೆ ಸಂಜಿಕೆ ಅವರ ಮನಿಗೆ ಹೋಗಿ ಮಾತ ಮುಗಿಸಿ ಬರ್ತೇನಿ. ಕಾರ್ತೀಕದಾಗ ಮದುವಿ.”

ಒಲೆಯ ಮುಂದೆ ರೊಟ್ಟಿಯ ಸದ್ದು ನಿಂತಿತು.

“ಅವನ ಮ್ಯಾಲ ಕೇಸ್ ಐತಲ್ಲ ಅಣ್ಣಾ,” ಎಂದಳು ಕಸ್ತೂರಿ. ದನಿ ತನ್ನದೇ ಎಂದು ಅವಳಿಗೆ ಅನಿಸಲಿಲ್ಲ.

“ಕೇಸ್ ಬೆಳ್ಯಂಗಿಲ್ಲ. ಶಿವಯೋಗೆಪ್ಪ ಸಾವ್ಕಾರ್ರು ಮಾತ ಕೊಟ್ಟಾರ. ನಾಳೆ ಆ ತ್ವಾಟದ ಕರಾರ ರದ್ದ ಆತಂದ್ರ ಚಲನ್ನಿನ ಸುದ್ದಿ ಅವರು ಎತ್ತಂಗಿಲ್ಲ. ಸತೀಶ ಉಳಿತಾನ. ನಿನ್ನ ಮದುವಿ ಆಗತೈತಿ. ಆ ಮುದಕಿ ರೊಕ್ಕ ಆಕಿಗೆ ವಾಪಸ್ ಸಿಗತೈತಿ. ಯಾರಿಗೆ ಏನ ಲುಕ್ಸಾನ ಹೇಳು?” ಅವನು ಅವಳ ತಾಟಿಗೆ ಇನ್ನೊಂದು ಚಮಚ ತುಪ್ಪ ಹಾಕಿದ. “ನೀ ನಾಳೆ ಒಂದ ದಿನಾ ಮನ್ಯಾಗ ಇರು. ಅಷ್ಟ ಸಾಕು.”

ಹನ್ನೊಂದು ವರ್ಷ ಅವಳು ಯಾವ ಮಾತಿಗಾಗಿ ಈ ಮನೆಯಲ್ಲಿ ಉಸಿರು ಹಿಡಿದು ಬದುಕಿದ್ದಳೋ, ಆ ಮಾತು ಅವಳ ತಾಟಿನಲ್ಲಿ ಬಂದು ಬಿದ್ದಿತ್ತು. ಬೇಲಿಯೊಳಗೆ ತೋಳು ತೂರಿಸಿ ನಿಂತವಳ ಮುಖ ಕಣ್ಣ ಮುಂದೆ ಬಂತು. ಅದನ್ನು ದೂರ ಮಾಡಲು ಕಸ್ತೂರಿ ಕಣ್ಣು ಮುಚ್ಚಿಕೊಂಡಳು. ಮುಖ ಹೋಗಲಿಲ್ಲ.

ಏನೂ ಅರಿಯದ ಬೋರವ್ವ ಹಿಟ್ಟಿನ ಕೈಯಲ್ಲೇ ಓಡಿಬಂದಳು. ಅಳುತ್ತಿದ್ದಳು, ನಗುತ್ತಿದ್ದಳು. ಸಕ್ಕರೆ ಡಬ್ಬಿ ತೆರೆದು ಒಂದು ಚಿಟಿಕೆಯನ್ನು ಮಗಳ ತುಟಿಯ ಹತ್ತಿರ ಹಿಡಿದಳು.

“ಹೂಂ ಅನ್ನ ನನ್ನವ್ವಾ. ಒಂದ ಸಲ ಹೂಂ ಅನ್ನು.”